ಹದಿನೈದು ಇಂಚಿನ ಹಟ

ಮೂರನೆಯ ನೋಟೀಸನ್ನು ಸಂಜೀವಯ್ಯ ವೈಪರ್ ಕೆಳಗೆ ಸಿಕ್ಕಿಸುವಾಗ ಕಾರಿನ ಕಿಟಕಿ ಇಳಿಯಿತು. ಒಳಗೆ, ಡ್ರೈವರ್ ಸೀಟಿನಲ್ಲಿ, ನಾಗಲಕ್ಷ್ಮಮ್ಮ ಫ್ಲಾಸ್ಕಿನ ಕಾಫಿ ಕುಡಿಯುತ್ತಿದ್ದರು.

"ಒಳಗೇ ಕೊಡಿ ಸಾರ್. ಪೇಪರ್ ಚೆನ್ನಾಗಿದೆ, ಚಕ್ಕುಲಿ ಎಣ್ಣೆ ಎಲ್ಲಾ ಹೀರ್ಕೊಳುತ್ತೆ."

ಇದು ನಡೆದದ್ದೇ. ಹೊಸಕೆರೆಹಳ್ಳಿಯಲ್ಲಿ ಕೆರೆಯ ಕಡೆಗೆ ಇಳಿಯುವ ಆ ರಸ್ತೆಯಲ್ಲಿ ಯಾರನ್ನು ಬೇಕಾದರೂ ಕೇಳಿ. ನಗದೆ ಹೇಳಿ ಮುಗಿಸುವವರು ಸಿಕ್ಕುವುದಿಲ್ಲ, ಅಷ್ಟೇ.

ಕಾರು ಹಳೆಯ ಅಂಬಾಸಿಡರ್. ಅಪಾರ್ಟ್‌ಮೆಂಟಿನ ಗೇಟಿನ ಪಕ್ಕ ಎಂಟು ವರ್ಷದಿಂದ ನಿಂತಲ್ಲೇ ನಿಂತಿತ್ತು. ಟೈರುಗಳು ಬಿರಿದು ನೆಲಕ್ಕಂಟಿದ್ದವು. ರಿಮ್ಮುಗಳನ್ನು ತುಕ್ಕು ತಿಂದಿತ್ತು. ಸಂಘದ ಕಾರ್ಯದರ್ಶಿ ಸಂಜೀವಯ್ಯನವರ ಹೊಸ ಕಾರು ಮಾತ್ರ ಬೀದಿಯಲ್ಲಿ ಮಲಗಿ ಮೈ ಗೀರಿಸಿಕೊಳ್ಳುತ್ತಿತ್ತು. ಭಾನುವಾರ ಓಡದಿದ್ದರೆ ಅಂಬಾಸಿಡರ್ ಗುಜರಿಗೆ ಎಂದು ನೋಟೀಸು.

ನಾಗಲಕ್ಷ್ಮಮ್ಮನವರ ಮನೆಯಲ್ಲಿ ಎರಡು ಕೋಣೆ, ಏಳು ಜನ. ತಾವೇ ಹಾಕಿ ತಾವೇ ತೆಗೆಯಬಹುದಾದ ಬಾಗಿಲು ಅವರಿಗೆ ಈ ಲೋಕದಲ್ಲಿ ಈ ಕಾರಿನದೊಂದೇ. ದಿನಾ ನಾಲ್ಕರಿಂದ ಐದು, ಅದರೊಳಗೆ ಕೂತಾಗ, ಅವರು ಯಾರ ಅತ್ತೆಯೂ ಅಲ್ಲ, ಯಾರ ಅಜ್ಜಿಯೂ ಅಲ್ಲ.

"ಓಡಿಸ್ತೀನಿ," ಎಂದರು. "ಓಡೋದು ಅಂದ್ರೆ ಏನು ಅಂತ ಬರೆದುಕೊಡಿ. ಆಮೇಲೆ ಇನ್ನೊಂದು ಹೇಳೋ ಹಾಗಿಲ್ಲ."

ಸಂಜೀವಯ್ಯ ಮೂವತ್ತು ವರ್ಷ ಸರ್ಕಾರಿ ಕಚೇರಿಯಲ್ಲಿ ಷರತ್ತುಗಳನ್ನೇ ಬರೆದು ನಿವೃತ್ತರಾದವರು. ಸ್ಟಾರ್ಟ್ ಆದ ಸದ್ದು ಎಲ್ಲರಿಗೂ ಕೇಳಬೇಕು, ಯಾರೂ ತಳ್ಳಬಾರದು, ಹೇಳಿದ ಕಡೆ ಬ್ರೇಕ್ ಹಾಕಿ ನಿಲ್ಲಬೇಕು ಎಂದು ಬರೆದರು. ಕೆಳಗಿನ ಆಂಜನೇಯನ ಗುಡಿಯ ಮುಂದೆ ನಿಲ್ಲಿಸಿದರೆ ಸಾಕೇ ಎಂದು ಆಕೆ ಕೇಳಿದರು. ಇಳಿಜಾರಿನಲ್ಲಿ ಬ್ರೇಕಿನ ಯೋಗ್ಯತೆಯೂ ತಿಳಿಯುತ್ತದೆ ಎಂದು ಇವರು ಖುಷಿಯಾಗಿ ಸಹಿ ಹಾಕಿದರು.

ಆದರೂ ಅನುಮಾನ. ಆಕೆ ಟೈರು ಕೊಳ್ಳಲು ಜೆ.ಪಿ. ನಗರಕ್ಕೆ ಹೊರಟಾಗ ಸಾಕ್ಷಿಗೆಂದು ತಾವೂ ಆಟೋ ಹತ್ತಿದರು. ಜೊತೆಗೆ ಆಕೆಯ ತಂಗಿಯ ಮಗ ಭೀಮೇಶ್. ಹೆಸರು ಭೀಮ, ಮೈ ಕಡ್ಡಿ, ಗಂಟಲು ಮಾತ್ರ ಹತ್ತಾಳಿನದು. ಆಟೋದವನಿಗೆ ಅವನು ಸಂಜೀವಯ್ಯನವರದೇ ದನಿಯಲ್ಲಿ ಮೀಟರ್ ಹಾಕಲು ಹೇಳಿದಾಗ, ಸಂಜೀವಯ್ಯ ತಮ್ಮ ಬಾಯಿ ಮುಟ್ಟಿ ನೋಡಿಕೊಂಡರು.

ಅಂಗಡಿಯ ಸೀನು ಮಿರಿಮಿರಿ ಮಿಂಚುವ ಹದಿನೇಳು ಇಂಚಿನ ಅಲಾಯ್ ಚಕ್ರಗಳನ್ನು ಉರುಳಿಸಿಕೊಂಡು ಬಂದ. ನಾಗಲಕ್ಷ್ಮಮ್ಮ ಚೀಲದಿಂದ ಒಂದು ಹಾಳೆ ತೆಗೆದರು. ಹಳೆಯ ಚಕ್ರದ ಮೇಲಿಟ್ಟು ಪೆನ್ಸಿಲ್ ಉಜ್ಜಿ ತೆಗೆದ ಬೋಲ್ಟು ತೂತುಗಳ ಅಚ್ಚು. ಹಾಳೆಯನ್ನು ಅಲಾಯ್ ಮೇಲಿಟ್ಟರು. ಒಂದು ತೂತೂ ಕೂಡಲಿಲ್ಲ. ರಂಗೋಲಿಯಲ್ಲಿ ಇಷ್ಟು ಚುಕ್ಕಿ ತಪ್ಪಿದರೆ ತಮ್ಮ ಅತ್ತೆ ಊಟ ಹಾಕುತ್ತಿರಲಿಲ್ಲ ಎಂದರು. ಹದಿನೈದು ಇಂಚಿನ ರಿಮ್ಮೇ ಬೇಕು, ದೊಡ್ಡದಾದರೆ ಮಡ್‌ಗಾರ್ಡಿಗೆ ತಾಗುತ್ತದೆ.

ಸೀನು ಟೈರಾದರೂ ಅಗಲದ್ದು ತೆಗೆದುಕೊಳ್ಳಿ, ರಸ್ತೆಯನ್ನು ಸಖತ್ತಾಗಿ ಹಿಡಿಯುತ್ತದೆ ಎಂದ.

"ಹಿಡ್ಕೊಳೋರು ಬೇಕಾದಷ್ಟು ಜನ ಇದಾರಪ್ಪ. ಬಿಡೋ ಅಂಥದ್ದು ಕೊಡು," ಎಂದರು, ಸಂಜೀವಯ್ಯನವರ ಕಡೆ ನೋಡುತ್ತ.

ಸೀನು ತಂದ ಸಪೂರ ಟೈರಿನ ಪಕ್ಕದಲ್ಲಿ ಅಚ್ಚಾಗಿದ್ದ ನಾಲ್ಕು ಅಂಕಿಗಳನ್ನು ಬೆರಳಿಟ್ಟು ಓದಿದರು. ಮೊದಲೆರಡು ತಯಾರಾದ ವಾರ, ಕೊನೆಯೆರಡು ವರ್ಷ. ಆರು ವರ್ಷದ ಹಿಂದಿನ ಮಾಲು, ಹಿಂದಕ್ಕೆ ಹೋಯಿತು. ಹೊಸದು ಬಂದ ಮೇಲೆ ರಿಮ್ಮಿಗೆ ಕೂಡಿಸಿ, ಸಮತೋಲ ನೋಡುವ ಯಂತ್ರಕ್ಕೆ ಹಾಕಿ, ಬೆರಳಿನಿಂದ ತಿರುಗಿಸಿ, ನಿಲ್ಲುವವರೆಗೆ ಸುತ್ತು ಎಣಿಸಿದರು. ಮೈಲೇಜಿನ ಮಾತೇ ಎತ್ತಲಿಲ್ಲ. ಕೊನೆಗೆ ಸಂಜೀವಯ್ಯನವರೇ ಆಕೆಯ ಪರ ನಿಂತು, ಮೇಡಂ ಕೇಳಿದ ಸೈಜೇ ಕೊಡಯ್ಯ ಎಂದು ಸೀನುವನ್ನು ಗದರಿಕೊಂಡರು. ಗದರಿದ ಮೇಲೆ ತಮ್ಮ ಮೇಲೇ ಸಿಟ್ಟು ಬಂತು.

ಶನಿವಾರ ಬಿಟಿಎಂ ಲೇಔಟಿನಿಂದ ಮೆಕ್ಯಾನಿಕ್ ದ್ಯಾಮಣ್ಣ ಬಂದು ಬ್ರೇಕು ಸರಿಮಾಡಿ ಚಕ್ರ ಕೂರಿಸಿದ. ಜ್ಯಾಕ್ ತಿರುಗಿಸುತ್ತ ತಲೆಯೆತ್ತಿದ.

"ಮುಂದ ಭಾಳ ಹಗುರ ಐತಲ್ರಿ ಮೇಡಂ."

"ಊಟ ಬಿಟ್ಟು ಎಷ್ಟು ವರ್ಷ ಆಯ್ತು ಅದಕ್ಕೆ," ಎಂದು ನಾಗಲಕ್ಷ್ಮಮ್ಮ ಅವನ ಕೈಗೆ ಕಾಫಿ ಕೊಟ್ಟರು. ಅವನು ಕಾಫಿ ಕುಡಿದು ಮತ್ತೆ ಜ್ಯಾಕಿಗೆ ಬಾಗಿದ.

ಭಾನುವಾರ ಹತ್ತು ಗಂಟೆಗೆ ಇಡೀ ಕಟ್ಟಡ ಗೇಟಿನಲ್ಲಿ ನೆರೆದಿತ್ತು. ಭೀಮೇಶ್ ಮಾತ್ರ ಇರಲಿಲ್ಲ, ಆಫೀಸಿನಲ್ಲಿ ಕೆಲಸವಂತೆ. ನಾಗಲಕ್ಷ್ಮಮ್ಮ ಸೆರಗು ಸಿಕ್ಕಿಸಿ ಕೂತು ಕೀ ತಿರುಗಿಸಿದರು. ಕ್ರ್ ಕ್ರ್ ಕ್ರ್ ಎಂದು ಕೊಸರಾಡಿ, ಒಮ್ಮೆ ಕೆಮ್ಮಿ, ಗಾಡಿ ಢರ್ರೆಂದಿತು. ಸಂಜೀವಯ್ಯನವರ ಮುಖ ಬಾಡಿತು.

ಯಾರೂ ತಳ್ಳಲಿಲ್ಲ. ಹ್ಯಾಂಡ್‌ಬ್ರೇಕ್ ಇಳಿಸಿದ್ದೇ ಕಾರು ಬೆಣ್ಣೆಯಲ್ಲಿ ಜಾರಿದಂತೆ ಹೊರಟಿತು. ಗೇರ್ ಬದಲಾದ ಸದ್ದು ಸ್ಪಷ್ಟವಾಗಿತ್ತು. ನಡುದಾರಿಯಲ್ಲಿ ಎಂಜಿನ್ ಎರಡು ಸಲ ಸೀನಿದಾಗ, ಪಕ್ಕದಲ್ಲೇ ಓಡುತ್ತಿದ್ದ ಸಂಜೀವಯ್ಯ ಕಾರ್ಬುರೇಟರಿನಲ್ಲಿ ಧೂಳಿದೆ ಎಂದು ಜನಕ್ಕೆ ವಿವರಿಸಿದರು. ಹೊಗೆ ಒಂದಿಷ್ಟೂ ಬಾರದ್ದನ್ನೂ ಮೆಚ್ಚಿದರು. ಗುಡಿಯ ಮುಂದೆ, ಗೆರೆ ಎಳೆದಂತೆ, ಕಾರು ನಿಂತಿತು.

ನಾಗಲಕ್ಷ್ಮಮ್ಮ ಕೀ ತೆಗೆದುಕೊಂಡು ಇಳಿದರು. ಎಂಜಿನ್ ಇನ್ನೂ ಗುರುಗುಟ್ಟುತ್ತಲೇ ಇತ್ತು.

"ಯಜಮಾನಿ ಥರಾನೇ," ಎಂದರು ಸಂಜೀವಯ್ಯ. "ನಿಲ್ಸು ಅಂದ್ರೂ ನಿಲ್ಸಲ್ಲ."

ಸೋತವರು ಸೋಲನ್ನು ಮರ್ಯಾದೆಯಿಂದಲೇ ಒಪ್ಪಿದರು. ಜಾಗ ಇನ್ನು ಆಕೆಯದೇ ಎಂದು ಎಲ್ಲರೆದುರು ಹೇಳಿ, ಹೊಸ ಚಕ್ರದ ಗಾಡಿ ಗುಡಿಯೆದುರು ನಿಂತಿರುವಾಗ ಪೂಜೆಯಿಲ್ಲದೆ ಹೇಗೆ ಎಂದು ಗುಡಿಯೊಳಗಿನಿಂದ ಕುಂಕುಮದ ಬಟ್ಟಲು ತಂದರು. ನಾಲ್ಕೂ ಚಕ್ರಕ್ಕೆ ಇಟ್ಟರು. ಬಾನೆಟ್ಟಿನ ಕಡೆ ನಡೆದರು.

ನಾಗಲಕ್ಷ್ಮಮ್ಮ ಅವಸರದಿಂದ ಮುಂದೆ ಬಂದರು. "ಚಕ್ರಕ್ಕಿಟ್ರೆ ಸಾಕು ಸಾರ್."

"ಎಂಜಿನ್‌ಗೆ ಇಡದೆ ಪೂಜೆ ಆಗುತ್ತಾ ಮೇಡಂ?" ಎಂದು ಅವರು ಬಾನೆಟ್ ಎತ್ತಿದರು.

ಎಂಟು ವರ್ಷದ ಹಿಂದೆಯೇ ಎಂಜಿನ್ ಬಿಚ್ಚಿ ಮಾರಿದ್ದ ಆ ಖಾಲಿ ಗುಂಡಿಯಲ್ಲಿ, ಹಲಗೆಯ ಮೇಲೆ ಮಂಡಿ ಮಡಚಿ ಕೂತಿದ್ದ ಭೀಮೇಶ್, ಬಾಯಲ್ಲಿ ಗುರುಗುಟ್ಟುವುದನ್ನು ನಿಲ್ಲಿಸದೆಯೇ ಹಣೆ ಮುಂದೆ ಮಾಡಿದ. ಸಂಜೀವಯ್ಯ ಅವನ ಹಣೆಗೆ ಕುಂಕುಮ ಇಟ್ಟು, ಆಮೇಲೆ ಕೆರೆಯಾಚೆಗೂ ಕೇಳುವಂತೆ ನಗತೊಡಗಿದರು.