ಹುಳಕ್ಕೆ ಭಾನುವಾರ ಗೊತ್ತಿಲ್ಲ

ಭಾನುವಾರ ಹಣ್ಣಾಗಬೇಕಿದ್ದ ರೇಷ್ಮೆಹುಳಗಳು ಶನಿವಾರ ಬೆಳಗ್ಗೆಯೇ ಹಣ್ಣಾಗಿಬಿಟ್ಟಿದ್ದವು. ಚೈತ್ರಾ ಹುಳುಮನೆಯ ಬಾಗಿಲು ತೆಗೆದಾಗ ಅವು ಸೊಪ್ಪು ಮುಟ್ಟದೆ, ಮೈಯೆಲ್ಲ ಜೇನಿನ ಬಣ್ಣಕ್ಕೆ ತಿರುಗಿ, ಗೂಡು ಕಟ್ಟಲು ಜಾಗ ಹುಡುಕುತ್ತ ತಲೆ ಎತ್ತಿದ್ದವು. ಹೊತ್ತು ಇಳಿಯುವುದರೊಳಗೆ ಒಂದೊಂದನ್ನೇ ಆರಿಸಿ ಗೂಡು ಕಟ್ಟುವ ಬಿದಿರಿನ ತಟ್ಟಿಗೆ, ಚಂದ್ರಿಕೆಗೆ, ಬಿಡದಿದ್ದರೆ ಅಲ್ಲೇ ಕಸದಲ್ಲಿ ನೂಲು ಬಿಟ್ಟುಕೊಳ್ಳುತ್ತವೆ. ಆಮೇಲೆ ಆ ಗೂಡನ್ನು ಮಾರುಕಟ್ಟೆಯಲ್ಲಿ ಯಾರೂ ಮೂಸಿ ನೋಡುವುದಿಲ್ಲ.

ಊರಿನ ಹೆಂಗಸರೆಲ್ಲ ಬೆಂಗಳೂರಿನ ಗಾರ್ಮೆಂಟ್ಸಿಗೆ ಹೋಗುವವರು. ಕೈಗಳು ಸಿಗುವುದು ಭಾನುವಾರ ಮಾತ್ರ. ಅದನ್ನೇ ನೋಡಿಕೊಂಡು ಚೈತ್ರಾ ಮರಿಹುಳ ತಂದಿದ್ದಳು, ಅಕ್ಕಪಕ್ಕದವರಿಗೂ ಹೇಳಿಟ್ಟಿದ್ದಳು. ಈ ಸಲದ ಸೆಖೆ ಹುಳಗಳನ್ನು ಅವಸರ ಮಾಡಿಸಿತು. ಮೆಟ್ರೋ ಕಾಮಗಾರಿಯಲ್ಲಿದ್ದ ಗಂಡ ಅಶೋಕನಿಗೆ ಫೋನು ಮಾಡಿದರೆ, ಈಗ ಹೊರಟರೂ ಸಂಜೆಯಾಗುತ್ತದೆ ಎಂದ.

ಹೋದ ವರ್ಷದವರೆಗೆ ಚೈತ್ರಾಳೂ ಗಾರ್ಮೆಂಟ್ಸಿನ ವ್ಯಾನಿನಲ್ಲಿ ಒಬ್ಬರ ಮಡಿಲಲ್ಲಿ ಒಬ್ಬರು ಕುಳಿತಂತೆ ಹೋಗಿ ಬಂದವಳು. ಕತ್ತಲಲ್ಲಿ ಹೊರಟು ಕತ್ತಲಲ್ಲಿ ಮನೆ ಸೇರುವುದು ಸಾಕಾಗಿ, ಒಂದು ಬೆಳೆ ಮಾಡಿ ತೋರಿಸುತ್ತೇನೆ, ಕೈಗೆ ಹತ್ತದಿದ್ದರೆ ಮತ್ತೆ ವ್ಯಾನು ಹತ್ತುತ್ತೇನೆ ಎಂದು ಅತ್ತೆ ಕೆಂಚಮ್ಮನಿಗೆ ಮಾತು ಕೊಟ್ಟು ಕೆಲಸ ಬಿಟ್ಟಿದ್ದಳು. ಈಗ ಅತ್ತೆ ಸೊಸೆ ಇಬ್ಬರೇ ಆರಿಸಿದರೆ ಹುಳ ಸಾಕುವ ಸ್ಟ್ಯಾಂಡುಗಳಲ್ಲಿ ಒಂದೂ ಮುಗಿಯುವಂತಿರಲಿಲ್ಲ.

ಹೊರಗೆ ಹಾರನ್ನುಗಳ ಸದ್ದು. ಮೂರು ದಿನ ರಜೆ ಒಟ್ಟಿಗೆ ಬಂದಿದ್ದರಿಂದ ಕಾವೇರಿ ಸಂಗಮ ನೋಡಲು ಹೊರಟ ಕಾರುಗಳು ಸಾತನೂರು ರಸ್ತೆ ತುಂಬ ಸಾಲುಗಟ್ಟಿದ್ದವು. ಮುಂದಿನ ತಿರುವಿನಲ್ಲಿ ಕಲ್ಲು ತುಂಬಿದ ಲಾರಿಯೊಂದು ಅಡ್ಡಲಾಗಿ ಕೆಟ್ಟು ನಿಂತಿತ್ತಂತೆ.

ಕೆಂಚಮ್ಮ ಬಾಗಿಲಿಗೆ ಬಂದು ನೋಡಿದಳು. "ನಮ್ಮೂರೆಲ್ಲ ಬೆಂಗ್ಳೂರಲ್ಲೈತೆ, ಬೆಂಗ್ಳೂರೆಲ್ಲ ನಮ್ ಬಾಗ್ಲಲ್ಲೈತೆ. ಚೆನ್ನಾಗೈತೆ ನ್ಯಾಯ" ಎಂದು ಒಳಗೆ ಹೋದಳು.

ಅಷ್ಟರಲ್ಲಿ ಕಾರಿನಿಂದಿಳಿದ ಒಬ್ಬ ಹೆಂಗಸು ಬಚ್ಚಲು ಎಲ್ಲಿದೆ ಎಂದು ಕೇಳುತ್ತ ಬಂದಳು. ಪ್ರತಿಮಾ ಎಂದು ಹೆಸರು. ಚೈತ್ರಾ ಬೆರಳು ಮಾಡಿ ತೋರಿಸಿದಳು. ಅಪರಿಚಿತರ ಮುಂದೆ ಅವಳ ಬಾಯಿ ಸುಲಭವಾಗಿ ತೆರೆಯುತ್ತಿರಲಿಲ್ಲ. ಗಾರ್ಮೆಂಟ್ಸಿನಲ್ಲಿ ಸೂಪರ್‌ವೈಸರ್ ಕರೆದರೂ ತಲೆ ಆಡಿಸಿಯೇ ಉತ್ತರ ಕೊಟ್ಟವಳು. ಪ್ರತಿಮಾ ಕೈ ತೊಳೆದು, ಥ್ಯಾಂಕ್ಸ್ ಹೇಳಿ, ಗೇಟಿನವರೆಗೂ ಹೋದಳು. ಚೈತ್ರಾ ಹಿಂದಿನಿಂದ ಕೂಗಿದಳು. ಆ ದನಿ ತನ್ನದೇ ಎಂದು ಅವಳಿಗೆ ನಂಬಿಕೆಯಾಗಲಿಲ್ಲ.

"ಅಕ್ಕಾ, ಒಸಿ ಹುಳ ಆರಿಸ್ಕೊಡ್ತೀರಾ?"

ಪ್ರತಿಮಾ ಒಳಗೆ ಬಂದು ಇಣುಕಿ, ಎರಡು ಹೆಜ್ಜೆ ಹಿಂದೆ ಸರಿದಳು. "ಕಚ್ಚುತ್ತಾ?"

"ಅದ್ರ ಬಾಯಿರದು ಸೊಪ್ಪಿಗೆ ಕಣವ್ವ" ಎಂದಳು ಕೆಂಚಮ್ಮ. "ಈಗ ಅದ್ನೂ ಬುಟ್ಬುಟ್ಟೈತೆ. ಪಾಪ, ನಿಮ್ಗಿಂತ ಅದ್ಕೇ ಭಯ."

ಮೊದಲ ಹುಳ ಅಂಗೈ ಮೇಲೆ ತಣ್ಣಗೆ ಹರಿದಾಗ ಪ್ರತಿಮಾ ಕಣ್ಣು ಮುಚ್ಚಿದಳು. ಎರಡನೆಯದಕ್ಕೆ ಒಂದು ಕಣ್ಣು ಬಿಟ್ಟಳು. ಆಮೇಲೆ ಗೇಟಿಗೆ ಹೋಗಿ ತನ್ನ ಜೊತೆಯವರನ್ನು ಕರೆದಳು. ಅವರು ಹಿಂದಿನ ಕಾರಿನವರನ್ನು ಕರೆದರು. ಸೆಖೆಯಲ್ಲಿ ಕುಳಿತು ಬೇಸತ್ತಿದ್ದ ಜನ ಒಬ್ಬೊಬ್ಬರಾಗಿ ಅಂಗಳಕ್ಕೆ ಬಂದರು. ಕೆಂಚಮ್ಮ ಹುಳುಮನೆಯ ಬಾಗಿಲಲ್ಲಿ ನಿಂತು ಚಪ್ಪಲಿ ಬಿಡಿಸಿದಳು, ಕೈಕಾಲು ತೊಳೆಸಿದಳು, ಪ್ರತಿಯೊಬ್ಬರನ್ನೂ ಮೂಗಿನಿಂದ ಪರೀಕ್ಷೆ ಮಾಡಿದಳು. ಸೆಂಟಿನ ವಾಸನೆ ಹುಳಕ್ಕೆ ಆಗಿಬರುವುದಿಲ್ಲ. ಪ್ರತಿಮಾಳ ಗಂಡ ಮನೋಹರ್ ಹತ್ತಿರ ಬರುತ್ತಿದ್ದಂತೆ ಅವಳು ಕೈ ಅಡ್ಡ ಹಿಡಿದಳು.

"ನೀನೇನಪ್ಪ, ಮದ್ವೆ ಗಂಡಿನಂಗೆ ಘಮ್ ಅಂತೀಯ. ಹೊರ್ಗೇ ಇರು. ಮನೆಮನೆ ಅಟ್ಟದ ಮ್ಯಾಲೆ ಚಂದ್ರಿಕೆ ಅವೆ, ಇಸ್ಕೊಂಡ್ ಬಾ."

ಮನೋಹರ್ ಗುರುತಿಲ್ಲದ ಮನೆಗಳ ಬಾಗಿಲು ತಟ್ಟಿ, ಮುದುಕಿಯರಿಂದ ಯಾರಪ್ಪ ನೀನು ಎಂದು ಕೇಳಿಸಿಕೊಂಡು, ಕೆಂಚಮ್ಮನ ಮನೆಯವನು ಎಂದು ಹೇಳಿ ಹೇಳಿ, ತಲೆ ಮೇಲೆ ಚಂದ್ರಿಕೆ ಹೊತ್ತು ತಂದ. ಅವನು ಬರುವುದನ್ನು ನೋಡಿ ಕಾರಿನ ಸಾಲಿನವರು ಫೋಟೊ ತೆಗೆದರು. ಒಳಗೆ ಚೈತ್ರಾ ಸ್ಟ್ಯಾಂಡಿನಿಂದ ಸ್ಟ್ಯಾಂಡಿಗೆ ಓಡಾಡಿದಳು. ಹೊಳೆಯುವವನ್ನು ಮಾತ್ರ ತೆಗೆಯಿರಿ, ಹಸಿರಾಗಿರುವವು ಇನ್ನೂ ತಿನ್ನಲಿ ಎಂದಳು. ಹೇಳುತ್ತ ಹೇಳುತ್ತ ಅವಳ ದನಿ ಹುಳುಮನೆಯ ಆ ಕೊನೆಗೂ ಕೇಳುವಷ್ಟಾಯಿತು.

ಲಾರಿ ಸರಿದು ರಸ್ತೆ ಬಿಟ್ಟಾಗ ಇನ್ನೂ ಎರಡು ಸ್ಟ್ಯಾಂಡು ಉಳಿದಿದ್ದವು. ಹಿಂದಿನ ಕಾರುಗಳು ಒಂದೇ ಸಮನೆ ಹಾರನ್ನು ಹೊಡೆದವು. ಒಳಗಿದ್ದವರು ಹೋಗಿ ತಮ್ಮ ಕಾರುಗಳನ್ನು ಬದಿಗೆ ಹಾಕಿ ಮರಳಿದರು. ಮನೋಹರ್ ಹೋಗಿ ತನ್ನ ಕಾರನ್ನು ಹೊಂಗೆಮರದ ಕೆಳಗೆ ತಿರುಗಿಸಿ ನಿಲ್ಲಿಸಿ ಬಂದು, ಅಂಗಿ ತೆಗೆದು, ಬೋರ್‌ವೆಲ್ ನೀರಿನಲ್ಲಿ ಮೈ ತೊಳೆದುಕೊಂಡು ಕೆಂಚಮ್ಮನ ಮುಂದೆ ನಿಂತ. ಅವಳು ಮೂಸಿ ನೋಡಿ ದಾರಿ ಬಿಟ್ಟಳು.

ಹೊತ್ತು ಇಳಿಯುವಾಗ ಕೊನೆಯ ಹುಳವೂ ಚಂದ್ರಿಕೆ ಹತ್ತಿತ್ತು. ಮೊದಲು ಹತ್ತಿದವು ಆಗಲೇ ನೂಲಿನ ತೆಳು ಪರದೆಯೊಳಗೆ ತಲೆ ಆಡಿಸುತ್ತಿದ್ದವು. ಚೈತ್ರಾ ಎಲ್ಲರಿಗೂ ಮಜ್ಜಿಗೆ ಕೊಟ್ಟಳು.

ಹೊರಟವರನ್ನು ಕೆಂಚಮ್ಮ ಗೇಟಿನ ಹತ್ತಿರ ತಡೆದಳು. ತಮ್ಮ ಕೆಲಸಕ್ಕೆ ಯಾರಾದರೂ ಬಂದರೆ ಅವರ ಮನೆಗೂ ಹೋಗಿ ಅಷ್ಟೇ ದುಡಿದು ಮುಯ್ಯಿ ತೀರಿಸದೆ ಅವಳ ಮನೆಯಲ್ಲಿ ಯಾರೂ ಇದ್ದವರಲ್ಲ.

"ನಿಮ್ಮನೇಲಿ ಯಾವತ್ತು ಕೆಲ್ಸ ಹೇಳವ್ವ. ಬಂದು ಮಾಡ್ಕೊಟ್ಟು ಬತ್ತೀವಿ."

ಪ್ರತಿಮಾ ಯೋಚಿಸಿದಳು. ಒಂಬತ್ತನೇ ಮಹಡಿಯ ತನ್ನ ಮನೆಯಲ್ಲಿ ನಾಲ್ಕು ಕೈ ಸೇರಿ ಮಾಡುವ ಕೆಲಸ ಯಾವುದೂ ನೆನಪಾಗಲಿಲ್ಲ. "ಹುಡುಕಿ ಇಡ್ತೀನಮ್ಮ" ಎಂದಳು. "ಮುಂದಿನ ಬೆಳೆಗೂ ಹೇಳಿ ಕಳಿಸಿ. ನಮ್ಮ ಅಪಾರ್ಟ್‌ಮೆಂಟಲ್ಲಿ ನಾನೂರು ಮನೆ ಇದಾವೆ. ಎಲ್ಲರನ್ನೂ ಕರ್ಕೊಂಡು ಬರ್ತೀನಿ."

ಕೆಂಚಮ್ಮ ಗಲ್ಲಕ್ಕೆ ಕೈಯಿಟ್ಟುಕೊಂಡು ಸೊಸೆಯ ಕಡೆ ತಿರುಗಿದಳು.

"ಕೇಳುಸ್ಕಂಡಾ ಚೈತ್ರಾ? ನಾನೂರು ಮನೆಗೆ ಮುಯ್ಯಿ ತೀರಿಸ್ಬೇಕು. ಇನ್ನು ಆ ಗಾರ್ಮೆಂಟ್ಸಿಗೆ ಹೋಗಕ್ಕೆ ನಿಂಗೆ ಪುರುಸೊತ್ತೆಲ್ಲೈತೆ?"