ಸಾಲ ತೀರಿಸಲು ಬಂದವನು

ಸಾಗರದ ಪೇಟೆಯ ಹೋಟೆಲೊಂದರ ಮುಂಬಾಗಿಲಲ್ಲಿ ಜಟ್ಟಪ್ಪನ ದನಿ ಕೇಳಿದ್ದೇ ತಡ, ಮಂಜುನಾಥಪ್ಪನವರು ಅರ್ಧ ತಿಂದ ದೋಸೆ ಬಿಟ್ಟು ಹಿಂಬಾಗಿಲಿಂದ ಹೊರಬಿದ್ದರು. ಕೈ ತೊಳೆಯಲೂ ಪುರಸತ್ತಿರಲಿಲ್ಲ. ಸೌದೆ ರಾಶಿಯ ಮರೆಯಲ್ಲಿ ನಿಂತು ಕಿವಿಗೊಟ್ಟರು.

“ಸಾವ್ಕಾರ್ರು ಇಲ್ಲೇ ಇಳ್ಕೊಂಡಿದಾರಂತಲ್ಲ. ಹೆದ್ರಬ್ಯಾಡಿ ಅನ್ನಿ. ನಾನು ಕೇಳೋಕ್ ಬಂದಿಲ್ಲ, ಕೊಡೋಕ್ ಬಂದಿದೀನಿ.” ಬೀದಿಗೆಲ್ಲ ಕೇಳುವಂತೆ ಹೇಳುತ್ತಿದ್ದ. ಇಣುಕಿ ನೋಡಿದರೆ ಅವನ ಕಂಕುಳಲ್ಲಿ ಕೆಂಪು ಬಟ್ಟೆಯ ಗಂಟು, ಸುಲಿಯದ ತೆಂಗಿನಕಾಯಿಯಷ್ಟು ದಪ್ಪ.

ಸಾಲ ಕೊಟ್ಟವರು ಓಡುವುದು, ಸಾಲಗಾರ ಅಟ್ಟಿಸಿಕೊಂಡು ಬರುವುದು. ಲೋಕವೇನೂ ತಲೆಕೆಳಗಾಗಿರಲಿಲ್ಲ, ಪತ್ರ ಹಾಗಿತ್ತು. ಹೊಸನಗರದ ಬಸ್ ಸ್ಟ್ಯಾಂಡಿನ ಎದುರು ಜಟ್ಟಪ್ಪನ ಮನೆ, ಅದರ ಜಗಲಿಯಲ್ಲಿ ಹೊಲಿಗೆ ಮಿಷನ್ನು. ೧೯೬೩ರಲ್ಲಿ ಆ ಮನೆಯನ್ನು ಮಂಜುನಾಥಪ್ಪನವರಿಗೆ ಬರೆದುಕೊಟ್ಟು ಎಂಟುನೂರು ರೂಪಾಯಿ ಪಡೆದಿದ್ದ. ಮೂರು ವರ್ಷದ ವಾಯಿದೆಯೊಳಗೆ ಬಡ್ಡಿ ಸೇರಿಸಿ ಹನ್ನೆರಡು ನೂರು ಕೊಟ್ಟರೆ ಮನೆ ಅವನದು. ಒಂದು ದಿನ ತಪ್ಪಿದರೂ ಸಾವ್ಕಾರರದು. ಮನೆಯ ಬೆಲೆ ನಾಲ್ಕು ಸಾವಿರಕ್ಕೆ ಕಡಿಮೆಯಿರಲಿಲ್ಲ.

ವಾಯಿದೆ ನಾಳೆ ಸಂಜೆಗೆ ಮುಗಿಯುತ್ತಿತ್ತು. ಅಷ್ಟರವರೆಗೆ ದುಡ್ಡು ತೆಗೆದುಕೊಳ್ಳುವ ಕೈಯೇ ಊರಲ್ಲಿ ಇಲ್ಲದಿದ್ದರೆ? ಹಿಂದೆ ಎರಡು ಮನೆಗಳು ಹೀಗೇ ಕೈಸೇರಿದ್ದವು. ಸಾಲ ತೀರಿಸಲು ದುಡ್ಡೊಂದಿದ್ದರೆ ಸಾಕು ಎಂದು ನಂಬಿದವರ ಮನೆಗಳು. ಊರಿಗೆಲ್ಲ ಗೊತ್ತಿದ್ದ ಈ ಉಪಾಯವನ್ನು ಗುಟ್ಟೆಂದು ತಿಳಿದಿದ್ದವರು ಮಂಜುನಾಥಪ್ಪನವರೊಬ್ಬರೇ.

ಪತ್ರ ಕೋಟಿನ ಒಳಜೇಬಿನಲ್ಲಿತ್ತು. ಮನೆಯಲ್ಲಿ ಬಿಟ್ಟರೆ ಹೆಂಡತಿ ವೆಂಕಮ್ಮ ದುಡ್ಡು ಇಸಿದುಕೊಂಡು ಕೊಟ್ಟೇಬಿಟ್ಟಾಳು. ಅಂಥ ಪತ್ರಗಳಿಗೆಂದೇ ಆ ಜೇಬನ್ನು ಅಳತೆ ಕೊಟ್ಟು ಹೊಲಿಸಿದ್ದರು. ಹೊಲಿದವನು ಜಟ್ಟಪ್ಪನೇ.

ಹೋಟೆಲಿನ ಕನ್ನಪ್ಪ ಹಿತ್ತಲಿಗೆ ಬಂದ. “ಹೋದ. ಒಂದ್ ಟೀ ಸಹ ಕುಡೀಲಿಲ್ಲ. ಒಂದ್ ಚೆಂಬು ನೀರು ಕೇಳಿ ತಗೊಂಡ, ಜಗಲಿ ಮೇಲೆ ಅತ್ಲಾಗ್ ತಿರ್ಕೊಂಡು ಕೂತಿದ್ದು ಹೋದ.”

“ಅಷ್ಟು ದುಡ್ಡಿಟ್ಕೊಂಡು?”

“ಗಂಟು ಮಡ್ಲಲ್ಲೇ ಇತ್ತು.”

‘ಜಿಪುಣ’ ಎಂದುಕೊಂಡ ಮಂಜುನಾಥಪ್ಪನವರು, ಅರ್ಧ ದೋಸೆಗೆ ಅರ್ಧ ದುಡ್ಡು ಸಾಕೆಂದು ವಾದಿಸಿ ಗೆದ್ದು, ತೀರ್ಥಹಳ್ಳಿಯ ಬಸ್ಸು ಹತ್ತಿದರು.

ತೀರ್ಥಹಳ್ಳಿಯಲ್ಲಿ ಬೀಗರಾದ ನಾಗರಾಜಪ್ಪನವರ ಮನೆ. ಮರುದಿನ ಬೆಳಿಗ್ಗೆ ಗಾಡಿಯವನೊಬ್ಬ ಸುದ್ದಿ ತಂದ: ಜಟ್ಟಪ್ಪ ಮಧ್ಯಾಹ್ನದ ಮೇಲೆ ಬರುತ್ತಾನಂತೆ, ಸಾವ್ಕಾರರಿಗೆ ತಿಳಿಸಬೇಕಂತೆ. ಹಿಡಿಯಬೇಕಾದವನು ಯಾರಾದರೂ ಮುಂಚೆ ಹೇಳಿ ಕಳಿಸುತ್ತಾನೆಯೇ? ದಡ್ಡ. ಮಂಜುನಾಥಪ್ಪನವರು ನಿಧಾನವಾಗಿ ಊಟ ಮುಗಿಸಿ ಅಟ್ಟ ಹತ್ತಿದರು.

ಹೇಳಿದ ಹೊತ್ತಿಗೆ ಸರಿಯಾಗಿ ಜಟ್ಟಪ್ಪ ಅಂಗಳದಲ್ಲಿ ನಿಂತ. ನಾಗರಾಜಪ್ಪ ಒಳ್ಳೆಯ ಮನುಷ್ಯ, ಅದೇ ತೊಂದರೆ. “ಬೀಗ್ರು ಇಲ್ಲ ಮಾರಾಯ. ಬೇಕಾದ್ರೆ ದುಡ್ಡು ನನ್ನತ್ರ ಕೊಟ್ಟು ಹೋಗು, ಮುಟ್ಟಿಸ್ತೀನಿ,” ಎಂದರು. ಅಟ್ಟದ ಮೇಲೆ ಮಂಜುನಾಥಪ್ಪನವರು ಹಲಗೆಗೆ ಕಿವಿ ಹಚ್ಚಿದರು.

“ಬ್ಯಾಡ್ರಿ. ಅವ್ರ ಕೈಗೇ ಕೊಟ್ಟು ಪತ್ರ ಇಸ್ಕೋಬೇಕು. ವಾಯಿದೆಯೊಳಗೆ ನಾನು ಬಂದಿದ್ದನ್ನ ನೀವು ನಾಲ್ಕು ಜನ ನೋಡಿದ್ರಲ್ಲ, ಅಷ್ಟೇ ಸಾಕು. ಒಂದ್ ಚೆಂಬು ನೀರು ಕೊಡಿ.”

ಹಲಗೆಯ ಸಂದಿನಿಂದ ನೋಡಿದರೆ ಗಂಟು ಕಿತ್ತಳೆ ಹಣ್ಣಿನಷ್ಟಾಗಿತ್ತು. ಓಹೋ, ಚಿಲ್ಲರೆ ನೋಟುಗಳನ್ನೆಲ್ಲ ನೂರರ ನೋಟು ಮಾಡಿಸಿಕೊಂಡಿದ್ದಾನೆ. ಪರವಾಗಿಲ್ಲ, ಅಷ್ಟೇನೂ ದಡ್ಡನಲ್ಲ. ಕತ್ತಲಾಯಿತು. ವಾಯಿದೆ ಮುಗಿಯಿತು. ಸೊಳ್ಳೆಗಳ ನಡುವೆ ಮಂಜುನಾಥಪ್ಪನವರು ಮುಗುಳ್ನಕ್ಕರು.

ಬೆಳಿಗ್ಗೆ ಮೊದಲ ಬಸ್ಸಿಗೆ ಹೊಸನಗರದಲ್ಲಿ ಇಳಿದು, ಹೊಸ ಬೀಗವೊಂದನ್ನು ಕೊಂಡು, ನೇರ ಜಟ್ಟಪ್ಪನ ಮನೆಗೇ ನಡೆದರು. ಜಗಲಿಯ ತುಂಬ ಜನ. ನಡುವೆ ಊರಿನ ಹಿರಿಯ ಹೂವಯ್ಯ.

“ಬನ್ನಿ ಮಂಜುನಾಥಪ್ಪ. ಸಾಗರದಿಂದ್ಲೂ ಸುದ್ದಿ ಬಂತು, ತೀರ್ಥಹಳ್ಳಿಯಿಂದ್ಲೂ ಬಂತು. ಅಟ್ಟದ್ದೂ ಬಂತು. ಕೊಡೋಕ್ ಬಂದವನಿಗೆ ಮುಖ ತಪ್ಪಿಸಿ, ವಾಯಿದೆ ಮೀರ್ತು ಅಂದ್ರೆ ಯಾವ ಕೋರ್ಟೂ ಒಪ್ಪಲ್ಲ. ನಾವೆಲ್ಲ ಸಾಕ್ಷಿ. ಈಗ್ಲೇ ದುಡ್ಡು ಎಣಿಸ್ಕೊಂಡು ಪತ್ರ ಕೊಡಿ. ಜಟ್ಟಪ್ಪ, ಬಿಚ್ಚು ಆ ಗಂಟ.”

ಜಟ್ಟಪ್ಪನ ಮುಖ ಬಿಳಿಚಿಕೊಂಡಿತು. ಗಂಟಿಗೆ ಬೆರಳು ಹಾಕಿ ನಿಧಾನವಾಗಿ ಎಳೆದ. ದುಡ್ಡು ಕೈಬಿಡುವ ಸಂಕಟ, ಪಾಪ. ಬಟ್ಟೆಯ ಒಂದು ತುದಿ ಸಡಿಲವಾಯಿತು. ನಾಲ್ಕು ಸಾವಿರದ ಮನೆ ಹನ್ನೆರಡು ನೂರಕ್ಕೆ ಕಣ್ಣೆದುರೇ ಕರಗುತ್ತಿತ್ತು.

“ತಡಿ, ಬಿಚ್ಬೇಡ,” ಎಂದರು ಮಂಜುನಾಥಪ್ಪ. “ನಾನೇನು ದುಡ್ಡಿಗೆ ಬಾಯಿ ಬಿಟ್ಕೊಂಡಿದೀನಾ? ಇನ್ನೊಂದು ವರ್ಷ ಟೈಮ್ ಕೊಡ್ತೀನಿ, ಇಟ್ಕೋ.”

ದರ್ಜಿಯ ಕೈಯಲ್ಲಿ ಹನ್ನೆರಡು ನೂರು ಒಂದು ವರ್ಷ ನಿಂತೀತೇ? ಮದುವೆ, ಕಾಯಿಲೆ, ನೆಂಟರು, ಏನಾದರೊಂದು ತಿಂದುಹಾಕುತ್ತದೆ. ಆಮೇಲೆ ಮನೆ ಎಲ್ಲಿಗೆ ಹೋಗುತ್ತದೆ?

“ಬಡ್ಡಿ?” ಎಂದರು ಹೂವಯ್ಯ. “ತಂದು ಕೊಟ್ರೂ ಬ್ಯಾಡ ಅಂದವ್ರಿಗೆ ಇನ್ಮೇಲೆ ಎಲ್ಲಿಯ ಬಡ್ಡಿ?”

ಮಂಜುನಾಥಪ್ಪನವರು ಗಂಟನ್ನೇ ನೋಡಿದರು. ಜಟ್ಟಪ್ಪ ಬಟ್ಟೆಯ ತುದಿ ಹಿಡಿದೇ ಇದ್ದ.

“ಹಂಗಾರೆ ಬಿಚ್ಲಾ, ಸಾವ್ಕಾರ್ರೇ?”

“ಬೇಡ ಅಂದ್ನಲ್ಲ. ಬಡ್ಡಿನೂ ಬೇಡ.”

ಒಳಜೇಬಿನಿಂದ ಪತ್ರ ಹೊರಬಂತು. ಅದರ ಬೆನ್ನಿಗೆ ಒಂದು ವರ್ಷದ ಹೊಸ ವಾಯಿದೆ ಬರೆದು, ಬಡ್ಡಿಯಿಲ್ಲವೆಂದು ಸೇರಿಸಿ ರುಜು ಹಾಕಿದರು. ಸಾಕ್ಷಿಗೆ ಹೂವಯ್ಯ ರುಜು ಮಾಡಿದರು. ಜನ ಎದ್ದು ಹೋದರು. ಹೊಸ ಬೀಗವನ್ನು ಜೇಬಿಗೆ ಇಳಿಸಿ ಮಂಜುನಾಥಪ್ಪನವರು ಮೆಟ್ಟಿಲಿಳಿದರು. ಇರಲಿ, ಬೀಗಕ್ಕೇನು ವರ್ಷದಲ್ಲಿ ತುಕ್ಕು ಹಿಡಿಯುವುದಿಲ್ಲ.

“ದುಗ್ಗೀ, ಒಂದ್ ಚೆಂಬು ನೀರು ತಾರೆ,” ಎಂದು ಜಟ್ಟಪ್ಪ ಹೆಂಡತಿಯನ್ನು ಕೂಗಿದ್ದು ಕೇಳಿ ಅವರು ಹಿಂದಿರುಗಿ ನೋಡಿದರು.

ಜಗಲಿಯ ಅಂಚಿನಲ್ಲಿ ಕೂತ ಜಟ್ಟಪ್ಪ ಗಂಟು ಬಿಚ್ಚಿ, ಉಳಿದಿದ್ದ ಕೊನೆಯ ಹಿಡಿ ಅವಲಕ್ಕಿಯನ್ನು ನೆನೆಹಾಕುತ್ತಿದ್ದ.