ಮುಳುಗಿ ಎದ್ದು ಬಂದವರು

ಹವಳಕೊಲ್ಲಿಯ ಕಡಲು ಯುದ್ಧದಲ್ಲಿ ಮುಳುಗಿ ಸತ್ತವರನ್ನು ಸಂಜೆಗೆ ಜೀವಂತವಾಗಿ ದಡಕ್ಕೆ ತಂದು ಬಿಡುತ್ತಿತ್ತು. ಬದಲಿಗೆ ಅವರ ನೆನಪಿನಲ್ಲಿ ಒಂದಿಷ್ಟನ್ನು ಇಟ್ಟುಕೊಳ್ಳುತ್ತಿತ್ತು. ಹಾಗಾಗಿ ಅರಸರಿಬ್ಬರು ವರ್ಷವರ್ಷವೂ ಕಾದಾಡುತ್ತಿದ್ದರು. ಹೆಂಗಸರು ಒಣಬಟ್ಟೆ ಹಿಡಿದು ಕಾಯುತ್ತಿದ್ದರು.

ಸೋಮಕ್ಕನಿಗೆ ಸಾಕುಸಾಕಾಗಿತ್ತು. ಹೋದ ಸಲ ಗಂಡ ಚೆನ್ನಯ್ಯ ಮಗಳ ಹೆಸರನ್ನೇ ಕಡಲಿಗೆ ಕೊಟ್ಟು ಬಂದಿದ್ದ. ಈಗ ಕೆಮ್ಮುತ್ತ ಎದ್ದು ಬಂದವನ ತಲೆ ಒರೆಸುತ್ತ, "ಯುದ್ಧ ಏನಾಯ್ತು?" ಎಂದು ಸಿಡುಕಿದಳು.

"ಯಾವ ಯುದ್ಧ? ನಾನ್ಯಾಕೆ ನೀರಲ್ಲಿದ್ದೆ?"

ಸೋಮಕ್ಕ ಪಕ್ಕದಲ್ಲಿ ನಿಂತಿದ್ದ ಮಗಳತ್ತ ನೋಡಿದಳು. ಅತ್ತ, ಮುಳುಗದೆ ಉಳಿದಿದ್ದ ದಳಪತಿ, ನಾಳೆಯೇ ಕೊನೆಯ ಹೊಡೆತ, ಎಲ್ಲರೂ ಹಡಗು ಹತ್ತಿ ಎಂದು ಕೂಗುತ್ತಿದ್ದ.

"ನಿಮ್ಮದು ಬಲೆ ಹೆಣೆಯೋ ಕೆಲಸ. ಕಾಲು ಜಾರಿ ಬಿದ್ರಿ ಅಷ್ಟೆ," ಎಂದಳು ಸೋಮಕ್ಕ. "ಇವಳು ನಿಮ್ಮ ಮಗಳು ತುಂಗೆ. ಮನೆಗೆ ನಡೀರಿ."

ಪಕ್ಕದವಳು ಇದನ್ನು ಕೇಳಿಸಿಕೊಂಡಳು. ತಬ್ಬಿಬ್ಬಾಗಿ ಕೂತಿದ್ದ ತನ್ನ ಗಂಡನಿಗೆ, "ನೀವು ಕುಂಬಾರರು ಕಣ್ರೀ," ಎಂದಳು. ಮಾತು ದಡದುದ್ದಕ್ಕೂ, ಎದುರು ಅರಸನ ಕಡೆಯ ಹೆಂಗಸರವರೆಗೂ ಹಬ್ಬಿತು. ದಳಪತಿ ಗಂಟಲು ಹರಿಯುವಂತೆ ಕೂಗಿದ. ಈ ಸಲ ಯುದ್ಧದ ನೆನಪನ್ನೇ ಕಡಲಿಗೆ ಕೊಟ್ಟು ಬಂದಿದ್ದ ಗಂಡಸರು, ಇವನ್ಯಾರೋ ಹುಚ್ಚ ಎಂಬಂತೆ ನೋಡಿ, ಹೆಂಡಿರ ಹಿಂದೆ ನಡೆದರು. ಆ ಕಡಲಲ್ಲಿ ಮತ್ತೆ ಯುದ್ಧವಾಗಲಿಲ್ಲ.

ಮರುದಿನ ಸೋಮಕ್ಕ ಅಂಗಳದಲ್ಲಿ ಕೂತು, ಹುಟ್ಟಿದಾಗಿನಿಂದ ಬಲೆ ಮುಟ್ಟದ ಗಂಡನಿಗೆ ಗಂಟು ಹಾಕುವುದನ್ನು ಬೈದು ಬೈದು ಕಲಿಸಿದಳು.